ಎಲೆ ತುದಿಯ ಮಿಡಿಸೌತೆ

ಆಗಸ್ಟ್ 12, ಮಂಗಳವಾರ
ಬಿ.ಪಿ. 148/92

ದಿನಾ ಬೆಳಿಗ್ಗೆ ಬಿ.ಪಿ. ನೋಡಿ ಬರೆದಿಡಬೇಕು ಎಂದು ಡಾಕ್ಟರ್ ನಂದಾ ಈ ನೋಟ್‌ಬುಕ್ ಕೊಟ್ಟಿದ್ದಾರೆ. ಇಡೀ ಪುಟಕ್ಕೆ ಎರಡು ಸಂಖ್ಯೆ ಬರೆದು ಮಿಕ್ಕ ಜಾಗವನ್ನು ಖಾಲಿ ಬಿಡುವುದು ನನ್ನ ಜಾಯಮಾನವಲ್ಲ. ನಮ್ಮಪ್ಪ ಪೋಸ್ಟ್ ಕಾರ್ಡಿನ ಅಂಚಿನಲ್ಲೂ ಬರೆಯುತ್ತಿದ್ದವರು. ಹಾಗಾಗಿ ಮಿಕ್ಕ ಜಾಗದಲ್ಲಿ ದಿನದ ಸಮಾಚಾರ ಬರೆಯುವುದೆಂದು ತೀರ್ಮಾನಿಸಲಾಗಿದೆ. ಯಾರಿಗೂ ತೋರಿಸುವ ಉದ್ದೇಶವಿಲ್ಲ. ಹೆಂಡತಿ ಚಿತ್ರಾಗಂತೂ ಖಂಡಿತ ಇಲ್ಲ.

ಉಪ್ಪು ಕಡಿಮೆ ಮಾಡಿ ಎಂದರು ಡಾಕ್ಟರು. ಹತ್ತೊಂಬತ್ತು ವರ್ಷದಿಂದ ಅಮೆರಿಕನ್ ಪಿಕಲ್ ಕಂಪನಿಯಲ್ಲಿ ದುಡಿಯುವವನಿಗೆ ಈ ಮಾತು! ನಾನು ಅದನ್ನು ತಿನ್ನುವುದಿಲ್ಲ, ಆ ವಿನಿಗರ್ ವಾಸನೆಯೇ ನನಗೆ ಆಗದು ಎಂದೆ. "ಹಂಗಾರ ಇಷ್ಟು ಬಿ.ಪಿ. ಎಲ್ಲಿಂದ ಬಂತ್ರಿ ಶಿವಪ್ರಸಾದ್ ಅವರ?" ಎಂದು ನಕ್ಕರು. ಧಾರವಾಡದ ಕಡೆಯವರು. ಇಲ್ಲಿ ನಾವಿರುವ ಮನ್ರೋ ಊರಿನಲ್ಲಿ ನಮ್ಮ ಮನೆಯಿಂದ ಎರಡು ರಸ್ತೆ ಆಚೆ ಇದ್ದಾರೆ. ಡಾಕ್ಟರೂ ಹೌದು, ಹಬ್ಬಕ್ಕೆ ಊಟಕ್ಕೆ ಕರೆಯುವವರೂ ಹೌದು.

ಕೆಲಸದ ವಿಷಯ ಬರೆದಿಡುತ್ತೇನೆ, ಮುಂದೆ ಓದಿದರೆ ನನಗೇ ನೆನಪಾಗಲಿ. ಹೋಬೋಕನ್ನಿನಲ್ಲಿ ಆಫೀಸು, ಕಿಟಕಿಯಿಂದ ನದಿ ದಾಟಿಸುವ ಫೆರಿ ದೋಣಿಗಳು ಕಾಣುತ್ತವೆ. ನಮ್ಮ ಕಂಪನಿಗೆ ಮಿಡಿಸೌತೆ ಬರುವುದು ಹಾವೇರಿ ಕಡೆಯಿಂದ. ಬೆರಳುದ್ದದ ಕಾಯಿ, ವಿನಿಗರ್‌ನಲ್ಲಿ ಮುಳುಗಿಸಿ ಜಾಡಿಗೆ ತುಂಬುವುದು. ಅಲ್ಲಿ ಅದನ್ನು ಬೆಳೆಯುತ್ತಾರೆಯೇ ಹೊರತು ಯಾರೂ ತಿನ್ನುವುದಿಲ್ಲ. ಕಾಯಿ ಚಿಕ್ಕದಾದಷ್ಟೂ ಬೆಲೆ ಜಾಸ್ತಿ. ಒಂದು ದಿನ ತಡವಾಗಿ ಕಿತ್ತರೆ ದಪ್ಪವಾಗುತ್ತದೆ, ಆಮೇಲೆ ದನಕ್ಕೆ ಹಾಕಬೇಕು. ಕಾಯಿ ಆರಿಸಿ ಕಳಿಸುವ ಅಲ್ಲಿನ ಘಟಕದವರು ನಮ್ಮ ನಿಯಮ ಪಾಲಿಸುತ್ತಾರೋ ಇಲ್ಲವೋ ನೋಡುವುದು ನನ್ನ ಕೆಲಸ. ಶೌಚಾಲಯ ಇದೆಯೇ, ಕೈಗವಸು ಕೊಡುತ್ತಾರೆಯೇ, ಕೂಲಿ ಸಮಯಕ್ಕೆ ಬರುತ್ತದೆಯೇ, ಮಕ್ಕಳನ್ನು ದುಡಿಸುತ್ತಿಲ್ಲ ತಾನೆ. ಅದೆಲ್ಲವನ್ನೂ ನಾನು ಇಲ್ಲಿ ಕೂತು ನೋಡುತ್ತೇನೆ. ಹಾವೇರಿಗೆ ಒಮ್ಮೆಯೂ ಹೋಗಿಲ್ಲ.

ಆಗಸ್ಟ್ 15, ಶುಕ್ರವಾರ
ಬಿ.ಪಿ. 144/90

ವರ್ಷದ ತಪಾಸಣೆಯ ಕಡತ ಬಂದಿತ್ತು, ಇವತ್ತೇ ಮುಗಿಸಿದೆ. ಈ ವರ್ಷ ಹೊಸ ಪದ್ಧತಿ. ಬೆಂಗಳೂರಿನಿಂದ ತಪಾಸಣೆ ಸಂಸ್ಥೆಯ ಒಬ್ಬ ಹುಡುಗಿ ಫೋನ್ ಮಾಡಿ ನಲವತ್ತು ಕೆಲಸಗಾರರಿಗೆ ಕನ್ನಡದಲ್ಲಿ ಪ್ರಶ್ನೆ ಓದುತ್ತಾಳೆ, ಅವರು ಉತ್ತರಿಸುತ್ತಾರೆ, ಅದು ರೆಕಾರ್ಡ್ ಆಗುತ್ತದೆ. ಯಂತ್ರ ಅದನ್ನು ಇಂಗ್ಲಿಷಿಗೆ ತಿರುಗಿಸುತ್ತದೆ. ಕನ್ನಡ ಮಾತೃಭಾಷೆಯವನೊಬ್ಬ ಧ್ವನಿ ಕೇಳಿ, ಅನುವಾದ ಸರಿಯಿದೆ ಎಂದು ಸಹಿ ಹಾಕಬೇಕು. ಇಡೀ ಕಂಪನಿಗೆ ಅಂಥವನು ನಾನೊಬ್ಬನೇ.

ನಲವತ್ತು ಧ್ವನಿ, ಒಂದೊಂದೂ ಹತ್ತು ನಿಮಿಷ. ಹಿಂದಿನ ವರ್ಷಗಳಲ್ಲಿ ಒಂದು ದೋಷವೂ ಸಿಕ್ಕಿರಲಿಲ್ಲ. ಎಲ್ಲವನ್ನೂ ಒಟ್ಟಿಗೆ ಟಿಕ್ ಮಾಡುವ ಅನುಕೂಲ ಪರದೆಯ ಮೇಲೇ ಇದೆ. ಅನುಕೂಲ ಇರುವುದು ಉಪಯೋಗಿಸಲಿಕ್ಕೆ. ಪರಿಶೀಲಿಸಲಾಗಿದೆ ಎಂದು ಸಹಿ ಹಾಕಿ ನಾಲ್ಕು ಗಂಟೆಯ ಟ್ರೇನ್ ಹಿಡಿದೆ. ನಾಳೆ ಜನ್ಮಾಷ್ಟಮಿ. ಫ್ಲಶಿಂಗ್ ದೇವಸ್ಥಾನಕ್ಕೆ ಹೋಗಲೇಬೇಕೆಂದು ಚಿತ್ರಾ ಹಟ ಹಿಡಿದಿದ್ದಾಳೆ. ಅವಳಿಗೆ ದೇವರು, ನನಗೆ ಕೆಳಗಿನ ಕ್ಯಾಂಟೀನಿನ ದೋಸೆ.

ಆಗಸ್ಟ್ 27, ಬುಧವಾರ
ಬಿ.ಪಿ. 150/94

ಇವತ್ತು ಗಣೇಶನ ಹಬ್ಬ. ಇಂಡಿಯಾದ ಸರಕಿನ ಮೇಲೆ ಶೇಕಡಾ ಐವತ್ತರ ಸುಂಕ ಜಾರಿಗೆ ಬಂದದ್ದೂ ಇವತ್ತೇ. ವಿಘ್ನವೂ ವಿಘ್ನೇಶ್ವರನೂ ಒಂದೇ ದಿನ ಬಂದಿದ್ದಾರೆ. ಆಫೀಸಿನಲ್ಲಿ ಎರಡು ವಾರದಿಂದ ಇದೇ ಮಾತು. ಮೆಕ್ಸಿಕೋದಿಂದ ತರಿಸೋಣವೇ, ಟರ್ಕಿಯಿಂದ ತರಿಸೋಣವೇ. ತೊಡಕೆಂದರೆ ಹಾವೇರಿಯ ಘಟಕದ ಜೊತೆ ಮೂರು ವರ್ಷದ ಕರಾರಿದೆ. ಸುಮ್ಮನೆ ಕೈಬಿಟ್ಟರೆ ಇಡೀ ಹಂಗಾಮಿನ ಬೆಳೆಗೆ ಪರಿಹಾರ ಕೊಡಬೇಕು.

ಮಧ್ಯಾಹ್ನ ಡೆನಿಸ್ ನನ್ನನ್ನು ಕೋಣೆಗೆ ಕರೆದಳು. ಡೆನಿಸ್ ನನ್ನ ಮೇಲಧಿಕಾರಿ. ತಪಾಸಣೆಯ ವರದಿ ಅವಳ ಮುಂದಿತ್ತು. ಕೆಂಪು ಗೆರೆ ಎಳೆದ ಮೂರು ವಾಕ್ಯ ತೋರಿಸಿದಳು. ಇಲ್ಲಿ ಗಂಡು ಮಕ್ಕಳು ಕಡಿಮೆ. ಇದು ಹೆಣ್ಣು ಮಗುವಿನ ಕೆಲಸ ಮಾತ್ರ. ನಾವು ನಾನೂರು ಹೆಣ್ಣು ಮಕ್ಕಳಿದ್ದೇವೆ. ಇಂಗ್ಲಿಷಿನಲ್ಲಿದ್ದುದನ್ನು ಎರಡು ಸಲ ಓದಿದೆ. ನಾನೂರು ಹುಡುಗಿಯರು!

"ಪ್ರಸಾದ್, ಇದನ್ನ ನೀನು ಕೇಳಿ ಕನ್‌ಫರ್ಮ್ ಮಾಡಿದ್ದೀಯ, ಅಲ್ವಾ?" ಎಂದಳು.

ಹೌದು ಎಂದೆ. ಸಹಿ ಇತ್ತಲ್ಲ.

ಡೆನಿಸ್ ಕೆಟ್ಟವಳಲ್ಲ. ಅವಳಿಗೂ ಒಂಬತ್ತು ವರ್ಷದ ಮಗಳಿದ್ದಾಳೆ. ಓದುವಾಗ ಅವಳ ಕಣ್ಣು ನಿಜವಾಗಿಯೂ ಒದ್ದೆಯಾಗಿತ್ತು. ಬಾಲಕಾರ್ಮಿಕರು ಕಂಡರೆ ಪರಿಹಾರವಿಲ್ಲದೆ ಕರಾರು ಮುರಿಯಬಹುದು ಎಂಬ ಷರತ್ತಿದೆ. ನಾಳೆ ನೋಟಿಸ್ ಹೋಗುತ್ತದೆ, ಲೋಡ್ ನಿಲ್ಲುತ್ತದೆ. ಘಟಕಕ್ಕೆ ಉತ್ತರಿಸಲು ಅಲ್ಲಿಂದ ಹದಿನಾಲ್ಕು ದಿನ, ಅಂದರೆ ಸೆಪ್ಟೆಂಬರ್ ಹನ್ನೊಂದರವರೆಗೆ ಗಡುವು. ಅಲ್ಲಿಯವರೆಗೆ ಅವರೊಡನೆ ನಾವ್ಯಾರೂ ಮಾತಾಡುವ ಹಾಗಿಲ್ಲ. ಹೊರಡುವಾಗ ಲೀಗಲ್ ವಿಭಾಗದವನು ಕಾರಿಡಾರಿನಲ್ಲಿ ಸಿಕ್ಕಿ "ಕ್ಲೀನ್ ಎಕ್ಸಿಟ್" ಎಂದು ಬೆನ್ನು ತಟ್ಟಿದ. ಹತ್ತೊಂಬತ್ತು ವರ್ಷದಲ್ಲಿ ನನ್ನ ಬೆನ್ನನ್ನು ಆ ಆಫೀಸಿನಲ್ಲಿ ಯಾರಾದರೂ ತಟ್ಟಿದ್ದು ಇದೇ ಮೊದಲು.

ಆಗಸ್ಟ್ 30, ಶನಿವಾರ
ಬಿ.ಪಿ. 146/90 (ಬೆಳಿಗ್ಗೆ). ಊಟದ ಮೇಲೆ ನೋಡಲಿಲ್ಲ. ನೋಡುವ ಧೈರ್ಯವಿಲ್ಲ.

ಡಾಕ್ಟರ್ ನಂದಾ ಅವರ ಮನೆಯಲ್ಲಿ ಗಣೇಶನ ಊಟ. ಮೂವತ್ತು ಜನ. ಆಫೀಸಿನ ಹೆಸರು ಹೇಳದೆ ವಿಷಯ ಮಾತ್ರ ಹೇಳಿದೆ. ಹೇಳಿದೆ ಎನ್ನುವುದಕ್ಕಿಂತ ಭಾಷಣ ಮಾಡಿದೆ ಎನ್ನಬೇಕು. "ಎಂಟು ಹತ್ತು ವರ್ಷದ ಹುಡುಗೀರು ರೀ, ಶಾಲೆಗೆ ಹೋಗೋ ವಯಸ್ಸು, ಬೆಳಿಗ್ಗೆಯಿಂದ ಸಂಜೆ ತನಕ ನಿಂತು ಸೌತೆಕಾಯಿ ಆರಿಸ್ತಾರೆ. ಶ್ರೀಮಂತ ದೇಶದ ತಟ್ಟೆಗೆ ಬಡದೇಶದ ಮಗು ಬಡಿಸೋದು ಅಂದ್ರೆ ಇದೇ" ಎಂದೆ. ಎಂಟು ಹತ್ತು ವರ್ಷ ಎಂದು ವರದಿಯಲ್ಲಿ ಎಲ್ಲೂ ಇಲ್ಲ, ಅದು ಬಾಯಿಗೆ ತಾನಾಗಿ ಬಂತು. ಹೆಂಗಸರು ತ್ಚು ತ್ಚು ಎಂದರು. ಪಕ್ಕದ ಊರು ಎಡಿಸನ್ನಿನಿಂದ ಬಂದಿದ್ದ ಶ್ರೀಕರ್ ಎನ್ನುವವರು ಕೈ ಕುಲುಕಿದರು.

ಅಷ್ಟರಲ್ಲಿ ಅಡುಗೆಮನೆಯಿಂದ ನಂದಾ ಕೂಗಿದರು.

"ಎಲಿ ಹಾಕೇವಿ. ಹೆಣ್ಮಕ್ಕಳೆಲ್ಲಾ ಮೊದಲ ಕೂಡ್ರಿ, ಗಂಡಸರು ಆಮ್ಯಾಲೆ!"

ಮೊದಲು ಎದ್ದವರು ನಂದಾ ಅವರ ತಾಯಿ ಶೈಲಮ್ಮನವರು. ಎಪ್ಪತ್ತೆಂಟು ವರ್ಷ, ಮೊಣಕಾಲು ಎರಡೂ ಬದಲಾಯಿಸಿದೆ. ಕೋಲೂರಿಕೊಂಡು ಹೋಗಿ "ಹೆಣ್ಮಕ್ಕಳಿಗೆ ಮೊದಲ ಊಟ ಅಂದ್ರ ನಾ ಬಿಡಾಂಗಿಲ್ಲವಾ" ಎನ್ನುತ್ತ ಮೊದಲ ಎಲೆಗೆ ಕೂತರು. ಅವರ ಪಕ್ಕ ಚಿತ್ರಾ, ಐವತ್ತೊಂದು ವರ್ಷ. ಅವಳ ಪಕ್ಕ ಇನ್ನೊಂದಿಷ್ಟು ಹೆಣ್ಣುಮಕ್ಕಳು. ಯಾರಿಗೂ ನಲವತ್ತಕ್ಕೆ ಕಡಿಮೆಯಿಲ್ಲ.

ಕೈಯಲ್ಲಿದ್ದ ಕಡುಬು ಅಲ್ಲೇ ಉಳಿಯಿತು. ವರದಿಯನ್ನು ನಾನು ಓದಿದ್ದು ಇಂಗ್ಲಿಷಿನಲ್ಲಿ. ಕನ್ನಡದಲ್ಲಿ ಆ ಹೆಂಗಸು ಏನೆಂದಿದ್ದಾಳೆ?

ಆಗಸ್ಟ್ 31, ಭಾನುವಾರ
ಬಿ.ಪಿ. 154/96

ಬೆಳಿಗ್ಗೆ ಒಂಬತ್ತಕ್ಕೆ ಆಫೀಸಿನ ಲ್ಯಾಪ್‌ಟಾಪ್ ತೆಗೆದು ಕೂತೆ. ಮೊದಲು ಕೆಂಪು ಗೆರೆಯ ಧ್ವನಿ. ಕೆಲಸಗಾರಳ ಹೆಸರು ತಾಯಮ್ಮ.

ಬೆಂಗಳೂರಿನ ಹುಡುಗಿ ಶಾಲೆಯಲ್ಲಿ ಪಾಠ ಒಪ್ಪಿಸುವ ಹಾಗೆ ಕೇಳುತ್ತಾಳೆ, "ಇಲ್ಲಿ ಮಕ್ಕಳು ಯಾರಾದ್ರೂ ಕೆಲಸ ಮಾಡ್ತಾರಾ?"

"ಗಂಡಮಕ್ಕಳು ಕಡಿಮಿರಿ. ಅವರು ಲಾರಿ ತುಂಬಾಕ ಬರ್ತಾರ. ಇದು ಬರೇ ಹೆಣ್ಮಕ್ಕಳ ಕೆಲಸಾರಿ. ನಾವು ನಾಕನೂರು ಹೆಣ್ಮಕ್ಕಳು ಅದೀವಿ."

"ನಿಮ್ಮ ವಯಸ್ಸು ಎಷ್ಟು?"

"ಐವತ್ತರ ಮ್ಯಾಲ ಎರಡೋ ಮೂರೋ ಆಗೇದ್ರಿ. ಮೊಮ್ಮಗ ಸಾಲಿಗೆ ಹೊಂಟಾನ."

ಅಷ್ಟೇ. ಪ್ರಶ್ನೆ ಓದುವುದಷ್ಟೇ ಆ ಹುಡುಗಿಯ ಕೆಲಸ, ಉತ್ತರ ಕೇಳುವುದು ಯಂತ್ರದ ಕೆಲಸ, ಯಂತ್ರ ಸರಿಯಾಗಿ ಕೇಳಿತೋ ಇಲ್ಲವೋ ಎಂದು ಕೇಳುವುದು ನನ್ನ ಕೆಲಸ. ಮೈಸೂರಿನ ನನ್ನ ಅಜ್ಜಿಯೂ "ಹೆಣ್ಣುಮಕ್ಕಳು ನಾವು, ನಮಗೇನು ಗೊತ್ತಾಗತ್ತೆ" ಎನ್ನುತ್ತಲೇ ಇಡೀ ಮನೆ ಆಳುತ್ತಿದ್ದಳು. ಅವಳನ್ನು ಮಗು ಎಂದು ಯಾವನಾದರೂ ಬರೆದುಕೊಂಡಿದ್ದರೆ ಕೆರ ತೆಗೆದುಕೊಂಡು ಬರುತ್ತಿದ್ದಳು.

ಉಳಿದ ಮೂವತ್ತೊಂಬತ್ತನ್ನೂ ಕೇಳಿದೆ. ಸಂಜೆ ಐದಾಯಿತು. ಒಂದು ವಿಷಯ ಇಲ್ಲಿ ಬರೆದುಬಿಡುತ್ತೇನೆ, ಬೇರೆಲ್ಲೂ ಹೇಳಲಾರೆ. ಹತ್ತನೆಯದೋ ಹನ್ನೊಂದನೆಯದೋ ಕೇಳುತ್ತಿದ್ದಾಗ, ಎಲ್ಲಾದರೂ ಒಂದು ಮಗುವಿನ ಧ್ವನಿ ಸಿಗಲಿ ಎಂದು ನಾನು ಕಾಯುತ್ತಿದ್ದೇನೆ ಎಂಬುದು ಗಮನಕ್ಕೆ ಬಂತು. ಒಂದೇ ಒಂದು ಮಗು ದುಡಿಯುತ್ತಿದ್ದರೆ ನನ್ನ ಸಹಿ ಉಳಿಯುತ್ತಿತ್ತು. ನಾಚಿಕೆಯಾಯಿತು. ಆದರೂ ಕೊನೆಯ ಧ್ವನಿಯವರೆಗೂ ಕಾದೆ. ಸಿಗಲಿಲ್ಲ. ಎಲ್ಲರೂ ಮದುವೆಯಾದವರು, ಮಕ್ಕಳೊಂದಿಗರು, ಒಬ್ಬಿಬ್ಬರು ವಿಧವೆಯರು.

ಪ್ರತಿ ಸಂದರ್ಶನದ ಕೊನೆಗೆ "ನಿಮಗೇನಾದ್ರೂ ಕೇಳೋದಿದೆಯಾ?" ಎಂಬ ಪ್ರಶ್ನೆ ಇದೆ. ಎಲ್ಲರೂ ಏನಿಲ್ಲ ಎನ್ನುತ್ತಾರೆ. ತಾಯಮ್ಮ ಮಾತ್ರ ಕೇಳುತ್ತಾಳೆ. "ಏನಿಲ್ರಿ... ಅಲ್ರಿ, ಇಷ್ಟಿಷ್ಟ ಸಣ್ಣ ಕಾಯಿ ಆರಿಸಿ ಕಳಸ್ತೀವಲ್ರಿ, ಅಲ್ಲಿ ಮಂದಿ ಇದನ್ನ ಏನ್ ಮಾಡ್ತಾರ್ರಿ? ಪಲ್ಯ ಮಾಡ್ತಾರೋ, ಹುಳಿ ಮಾಡ್ತಾರೋ?"

"ಥ್ಯಾಂಕ್ ಯೂ ಅಮ್ಮ" ಎಂದು ಹುಡುಗಿ ಫೋನ್ ಇಡುತ್ತಾಳೆ. ಯಂತ್ರ ಬರೆದುಕೊಂಡಿರುವುದು: ಪ್ರಶ್ನೆಗಳಿಲ್ಲ.

ಸೆಪ್ಟೆಂಬರ್ 2, ಮಂಗಳವಾರ
ಬಿ.ಪಿ. 152/96

ನಿನ್ನೆ ಲೇಬರ್ ಡೇ ರಜೆ. ಇವತ್ತು ಡೆನಿಸ್‌ಗೆ ಹೇಳಿದೆ. ಪದದ ಅರ್ಥ ವಿವರಿಸಿದೆ. ಎಪ್ಪತ್ತೆಂಟು ವರ್ಷದ ಶೈಲಮ್ಮನವರು ಮೊದಲ ಪಂಕ್ತಿಗೆ ಕೂತ ಕಥೆಯನ್ನೂ ಹೇಳಿದೆ. ಅವಳು ನಗಲಿಲ್ಲ.

"ಕೇಳಿದ್ದೀನಿ ಅಂತ ನಿನ್ನ ಸಹಿ ಹೇಳುತ್ತೆ. ಕೇಳಿಲ್ಲ ಅಂತ ಈಗ ನಿನ್ನ ಬಾಯಿ ಹೇಳುತ್ತೆ. ನಾನು ಯಾವುದನ್ನ ನಂಬಲಿ?"

ವರದಿಯನ್ನು ಮುಚ್ಚಿ ಪಕ್ಕಕ್ಕಿಟ್ಟಳು.

"ಘಟಕದವರ ಉತ್ತರ ಬರಲಿ. ಅವರೇ ಪ್ರೂವ್ ಮಾಡಿದ್ರೆ ಒಳ್ಳೇದು. ನೀನು ಏನೂ ಬರೆಯಬೇಡ. ಬರೆದರೆ ಹತ್ತೊಂಬತ್ತು ವರ್ಷದ ನಿನ್ನ ಎಲ್ಲಾ ಸಹಿಗಳನ್ನೂ ಮತ್ತೆ ನೋಡಬೇಕಾಗುತ್ತೆ" ಎಂದಳು. ಬೆದರಿಸುವ ದನಿಯಲ್ಲ, ಬುದ್ಧಿ ಹೇಳುವ ದನಿ. ಅದೂ ಸರಿಯೇ ಎನಿಸಿತು. ಉತ್ತರ ಕೊಡಬೇಕಾದವರು ಅವರು. ನನ್ನ ಪಾತ್ರ ಮುಗಿದಿದೆ.

ಸೆಪ್ಟೆಂಬರ್ 5, ಶುಕ್ರವಾರ
ಬಿ.ಪಿ. 156/98

ಘಟಕದಿಂದ ಉತ್ತರ ಬಂತು. ಇಂಗ್ಲಿಷಿನಲ್ಲಿ ನಾಲ್ಕು ಸಾಲು. ನಮ್ಮಲ್ಲಿ ಮಕ್ಕಳಿಲ್ಲ, ಲೇಡೀಸ್ ಮಾತ್ರ ಇದ್ದಾರೆ, ಬೇಕಿದ್ದರೆ ಬಂದು ನೋಡಿ. ಪರಿಶೀಲಿತ ಸಾಕ್ಷ್ಯಕ್ಕೆ ವಿರುದ್ಧವಾಗಿದೆ ಎಂದು ಲೀಗಲ್ ವಿಭಾಗ ಅದನ್ನು ತಿರಸ್ಕರಿಸಿತು. ಪರಿಶೀಲಿತ ಸಾಕ್ಷ್ಯ ಎಂದರೆ ನಾನು.

ಟ್ರೇನಿನಲ್ಲಿ ಬರುವಾಗ ವಾಟ್ಸ್ಯಾಪಿಗೆ ಧ್ವನಿ ಸಂದೇಶ ಬಂತು. ಘಟಕದ ಮ್ಯಾನೇಜರ್ ಸಿದ್ದಲಿಂಗಯ್ಯನವರದು. ವರ್ಷಕ್ಕೊಮ್ಮೆ ಯುಗಾದಿಗೆ ಶುಭಾಶಯ ಕಳಿಸುವ ಮನುಷ್ಯ. ಮಾತಾಡುವ ಹಾಗಿಲ್ಲ ಎಂಬ ನಿಯಮ ಇದೆ, ಕೇಳಬಾರದು ಎಂದಿಲ್ಲ. ಕೇಳಿದೆ.

"ಸರ್ ನಮಸ್ಕಾರ. ನಿಮಗ ತೊಂದ್ರಿ ಕೊಡಾಕ ಅಲ್ರಿ. ಹೊಲದಾಗ ಕಾಯಿ ದಪ್ಪ ಆಗಾಕತ್ತಾವ. ಲೋಡ್ ನಿಲ್ಲಿಸ್ರಿ ಅಂದಾರ, ರೈತರಿಗೆ ಕೀಳಬ್ಯಾಡ್ರಿ ಅಂತ ಹೆಂಗ ಹೇಳೂದು? ಊರ ಸಂತ್ಯಾಗ ಇದನ್ನ ಯಾರೂ ಮೂಸಿ ನೋಡಾಂಗಿಲ್ಲ. ನಮ್ಮ ಹೆಣ್ಮಕ್ಕಳು ದಿನಾ ಗೇಟಿಗೆ ಬಂದು ಕುಂತು ಹೋಗ್ತಾರ. ಯಾರೋ ಏನೋ ತಪ್ಪು ತಿಳಕೊಂಡಾರ ಅನಸ್ತದ. ಆ ಕಡೆ ನೀವು ಕನ್ನಡದವರು ಅದೀರಿ ಅಂತ ನಮಗೊಂದು ಧೈರ್ಯ ಐತ್ರಿ. ನೀವು ಕೇಳಿದ್ರ ನಿಮಗ ತಿಳೀತದ."

ನೀವು ಕೇಳಿದ್ರ. ಮನೆ ತಲುಪುವವರೆಗೆ ಅದೇ ಕಿವಿಯಲ್ಲಿತ್ತು.

ಸೆಪ್ಟೆಂಬರ್ 8, ಸೋಮವಾರ
ಬಿ.ಪಿ. 158/98

ಏನೂ ಮಾಡಲಿಲ್ಲ. ಇಪ್ಪತ್ತು ಇಮೇಲಿಗೆ ಉತ್ತರ ಬರೆಯಲಾಯಿತು. ಊಟದ ಹೊತ್ತಿಗೆ ಫೆರಿ ಎಣಿಸಿದೆ.

ಸೆಪ್ಟೆಂಬರ್ 10, ಬುಧವಾರ
ಬಿ.ಪಿ. 160/100

ಇವತ್ತು ಮನೆಯಿಂದಲೇ ಕೆಲಸ. ಬೆಳಿಗ್ಗೆ ಒಂದು ಪತ್ರ ಬರೆದೆ. "ಅನುವಾದದಲ್ಲಿ ಸಂದಿಗ್ಧತೆ ಕಂಡುಬಂದಿದ್ದು, ಮರುಪರಿಶೀಲನೆ ಸೂಕ್ತವೆಂದು ಭಾವಿಸಲಾಗಿದೆ" ಎಂಬ ಅರ್ಥದ ಇಂಗ್ಲಿಷು. ಓದಿದರೆ ಚೆನ್ನಾಗಿತ್ತು. ಯಾರ ಮೇಲೂ ಏನೂ ಬರುವುದಿಲ್ಲ. ಆದರೆ ಇದನ್ನು ಕಳಿಸಿದರೆ ಲೀಗಲ್ ವಿಭಾಗ ಒಂದು ತಿಂಗಳು ಭಾಷಾತಜ್ಞರನ್ನು ಹುಡುಕುತ್ತದೆ. ಗಡುವು ನಾಳೆ.

ಚಿತ್ರಾ ಫಾರ್ಮಸಿಯ ಕೆಲಸಕ್ಕೆ ಹೊರಟಿದ್ದಳು. ಕೂಡಿಸಿಕೊಂಡು ಎಲ್ಲವನ್ನೂ ಹೇಳಿದೆ. ಹತ್ತು ದಿನದಿಂದ ಇವರಿಗೇನಾಗಿದೆ ಎಂದು ಅವಳು ನೋಡುತ್ತಲೇ ಇದ್ದಳಂತೆ. ಕೊನೆಯವರೆಗೂ ಮಧ್ಯೆ ಬಾಯಿ ಹಾಕದೆ ಕೇಳಿದಳು. ನಮ್ಮ ಸಂಸಾರದಲ್ಲಿ ಇದು ದಾಖಲೆ.

"ಅಂದ್ರೆ ನೀವು ಒಂದನ್ನೂ ಕೇಳಿರ್ಲಿಲ್ವಾ?"

"ಇಲ್ಲ."

"ಮತ್ತೆ ಕಿವಿ ಇರೋದೇನು ಕನ್ನಡಕ ಸಿಗಿಸ್ಕೊಳ್ಳೋಕಾ ರೀ?"

"ಕೆಲಸ ಹೋಗಬಹುದು ಚಿತ್ರಾ. ಐವತ್ತನಾಲ್ಕು ವಯಸ್ಸಿಗೆ ಯಾರು ತಗೋತಾರೆ?"

ಅವಳು ಕಾರಿನ ಕೀ ಹುಡುಕುತ್ತಾ, "ಹೆಲ್ತ್ ಇನ್ಶೂರೆನ್ಸ್ ನನ್ನ ಕೆಲಸದ ಕಡೆಯಿಂದ ಇದೆ. ಮನೆ ಸಾಲ ಇನ್ನು ಮೂರು ವರ್ಷ. ನಂಗೆ ಭಯ ಆಗತ್ತೆ, ಇಲ್ಲ ಅನ್ನಲ್ಲ. ಆದ್ರೆ ನೀವು ಅವತ್ತು ನಂದಾ ಮನೇಲಿ ಮಾಡಿದ ಭಾಷಣ ಇದೆಯಲ್ಲ, ಅದನ್ನ ನೆನೆಸಿಕೊಂಡ್ರೆ ಇನ್ನೂ ನಾಚಿಕೆ ಆಗತ್ತೆ" ಎಂದು ಹೊರಟುಹೋದಳು.

ಹಳೆಯ ಪತ್ರ ಅಳಿಸಿದೆ. ಹೊಸತು ಬರೆದೆ. "ಆಗಸ್ಟ್ ಹದಿನೈದರಂದು ನಾನು ನಲವತ್ತು ಧ್ವನಿಗಳನ್ನು ಕೇಳಿದ್ದೇನೆಂದು ಸಹಿ ಹಾಕಿದೆ. ನಾನು ಒಂದನ್ನೂ ಕೇಳಿರಲಿಲ್ಲ. ಆಗಸ್ಟ್ ಮೂವತ್ತೊಂದರಂದು ನಲವತ್ತನ್ನೂ ಕೇಳಿದೆ. ಅಲ್ಲಿ ಒಂದು ಮಗುವೂ ಇಲ್ಲ. ಹೆಣ್ಣುಮಕ್ಕಳು ಎಂಬ ಪದಕ್ಕೆ ಹೆಂಗಸರು ಎಂದರ್ಥ. ತಪ್ಪು ಆ ಹೆಂಗಸರದಲ್ಲ, ನನ್ನದು." ಡೆನಿಸ್‌ಗೆ, ಲೀಗಲ್ ವಿಭಾಗಕ್ಕೆ, ತಪಾಸಣೆ ಸಂಸ್ಥೆಗೆ, ಘಟಕಕ್ಕೆ, ನಾಲ್ವರಿಗೂ ಒಟ್ಟಿಗೆ ಕಳಿಸಿದೆ. ಒಬ್ಬರಿಗೆ ಮಾತ್ರ ಕಳಿಸಿದರೆ ಎಲ್ಲಿ ಹೂತುಹೋಗುತ್ತದೆ ಎಂದು ನನಗೆ ಗೊತ್ತು. ಹತ್ತೊಂಬತ್ತು ವರ್ಷ ಹೂತಿಟ್ಟವನೂ ನಾನೇ.

ಸೆಪ್ಟೆಂಬರ್ 11, ಗುರುವಾರ

ಡೆನಿಸ್ ಫೋನ್ ಎತ್ತಲಿಲ್ಲ. ಸಂಜೆ ಲೀಗಲ್ ವಿಭಾಗದಿಂದ ಒಂದು ಸಾಲು: ಗಡುವನ್ನು ತಡೆಹಿಡಿಯಲಾಗಿದೆ.

ಸೆಪ್ಟೆಂಬರ್ 19, ಶುಕ್ರವಾರ

ಎರಡು ತೀರ್ಮಾನ ಬಂದಿವೆ.

ಮೊದಲನೆಯದು, ಆರೋಪ ರದ್ದಾಗಿದೆ. ಲೋಡ್ ಮತ್ತೆ ಶುರು. ಆದರೆ ಪರಿಹಾರ ಕೊಡದೆ ಹೊರಬರುವ ದಾರಿ ಮುಚ್ಚಿತಲ್ಲ, ಅದಕ್ಕೆ ಇನ್ನೊಂದು ದಾರಿ ಹುಡುಕಿದ್ದಾರೆ. ಹೊಸ ಸುಂಕದ ಹೊರೆಯಲ್ಲಿ ಒಂದು ಪಾಲನ್ನು ಘಟಕವೇ ಹೊರಬೇಕು. ಅಂದರೆ ಅದೇ ಕಾಯಿ, ಅದೇ ಅಳತೆ, ಕಡಿಮೆ ಬೆಲೆ. ಸಿದ್ದಲಿಂಗಯ್ಯನವರು ಒಂದೇ ದಿನದಲ್ಲಿ ಒಪ್ಪಿ, ಧನ್ಯವಾದ ಹೇಳಿ ಪತ್ರ ಬರೆದಿದ್ದಾರೆ. ಒಪ್ಪದೆ ಅವರೇನು ಮಾಡುತ್ತಾರೆ, ಹೊಲದಲ್ಲಿ ಕಾಯಿ ಕಾಯುವುದಿಲ್ಲ. ಸುಂಕ ಹಾಕಿದ ದೇಶ ಇದು, ಕಟ್ಟುವವರು ಹಾವೇರಿಯ ಗೇಟಿನಲ್ಲಿ ಕೂತಿದ್ದ ಹೆಣ್ಣುಮಕ್ಕಳು. ಇದನ್ನು ಓದಿದಾಗ ನನಗೆ ಸಿಟ್ಟು ಬಂತು. ಯಾರ ಮೇಲೆ ಎಂದು ಬರೆಯಲು ಹೋದರೆ ಪಟ್ಟಿ ಉದ್ದವಾಗುತ್ತದೆ, ನನ್ನ ಹೆಸರೂ ಅದರಲ್ಲಿದೆ.

ಎರಡನೆಯದು, ನನ್ನ ಹುದ್ದೆಯನ್ನು ರದ್ದುಗೊಳಿಸಲಾಗಿದೆ. ಮುಂದಿನ ಶುಕ್ರವಾರ ಕೊನೆಯ ದಿನ. ಡೆನಿಸ್ ಕೋಣೆಯ ಬಾಗಿಲು ಮುಚ್ಚಿ "ನೀನು ಮಾಡಿದ್ದು ಸರಿ. ಆದರೆ ಇನ್ನು ನಿನ್ನ ಸಹಿ ಯಾರೂ ನಂಬಲ್ಲ" ಎಂದಳು. ಎರಡೂ ನಿಜ. ನನ್ನ ಜಾಗಕ್ಕೆ ಯಾರು ಎಂದು ಕೇಳಿದೆ. ಯಾರೂ ಇಲ್ಲವಂತೆ. ಮನುಷ್ಯ ಕೇಳಿ ಸಹಿ ಹಾಕುವ ಹಂತವನ್ನೇ ತೆಗೆದುಹಾಕಿದ್ದಾರೆ. ಮುಂದಿನ ವರ್ಷದಿಂದ ಯಂತ್ರವೇ ಕೇಳಿ, ಯಂತ್ರವೇ ಒಪ್ಪುತ್ತದೆ. ಹೋಗುವ ಮೊದಲು ಯಂತ್ರಕ್ಕಾಗಿ ಒಂದು ಪದಕೋಶ ಬರೆದುಕೊಡಲು ಹೇಳಿದರು. ಹೆಣ್ಣುಮಕ್ಕಳು: ಹೆಂಗಸರು, ಯಾವ ವಯಸ್ಸಿನವರೂ ಆಗಬಹುದು, ಕೇಳಿ ತಿಳಿಯಿರಿ. "ಕೇಳಿ ತಿಳಿಯಿರಿ" ಎಂಬುದನ್ನು ಯಂತ್ರ ಸ್ವೀಕರಿಸುವುದಿಲ್ಲ ಎಂದು ವಾಪಸ್ ಬಂತು.

ಸೆಪ್ಟೆಂಬರ್ 27, ಶನಿವಾರ

ನಿನ್ನೆ ರಟ್ಟಿನ ಪೆಟ್ಟಿಗೆಯೊಂದಿಗೆ ಮನೆಗೆ ಬಂದೆ. ಅದರಲ್ಲಿ ಒಂದು ಟೀ ಲೋಟ, ಚಾರ್ಜರ್, ಮೇಜಿನ ಮೇಲೆ ಮಾದರಿಗೆಂದು ಇಟ್ಟಿದ್ದ ಮಿಡಿಸೌತೆಯ ಜಾಡಿ.

ಇವತ್ತು ಅಡುಗೆ ಬೇಡ, ಹೊರಗೆ ಹೋಗೋಣ ಎಂದಳು ಚಿತ್ರಾ. ರೂಟ್ ಮೂವತ್ಮೂರು ಹೆದ್ದಾರಿಯ ಪಕ್ಕದ ಡೈನರ್ ಹೋಟೆಲು. ಇಪ್ಪತ್ತು ವರ್ಷದಿಂದ ಹೋಗುತ್ತಿರುವ ಜಾಗ. ಕೂತ ತಕ್ಷಣ ಒಂದು ಬಟ್ಟಲು ಪಿಕಲ್ ತಂದಿಟ್ಟರು. ಕೇಳದೆ ಬರುತ್ತದೆ, ಬಿಲ್ಲಿನಲ್ಲೂ ಇರುವುದಿಲ್ಲ. ಇಷ್ಟು ವರ್ಷ ಅದನ್ನು ಮೂಗು ಹಿಡಿದು ಪಕ್ಕಕ್ಕೆ ಸರಿಸಿದ್ದೇನೆ. ಇವತ್ತು ಸುತ್ತ ಇದ್ದ ಮೇಜುಗಳನ್ನು ನೋಡುತ್ತ ಕೂತೆ. ಒಬ್ಬ ಮುದುಕ ಮಾತ್ರ ಆಸೆಯಿಂದ ತಿಂದ. ಒಬ್ಬಳು ಹುಡುಗಿ ಬರ್ಗರ್ ಬಿಚ್ಚಿ, ಒಳಗಿದ್ದ ಎರಡು ಪಿಕಲ್ ಬಿಲ್ಲೆಗಳನ್ನು ಎರಡು ಬೆರಳಿನಿಂದ ತೆಗೆದು ಕಾಗದದ ಮೇಲಿಟ್ಟಳು. ಉಳಿದವರ ಬಟ್ಟಲು ಬಂದ ಹಾಗೇ ವಾಪಸ್ ಹೋಯಿತು. ತಟ್ಟೆ ತೆಗೆಯುವಾಕೆ ಎಲ್ಲವನ್ನೂ ಒಂದೇ ತೊಟ್ಟಿಗೆ ಸುರಿದಳು.

"ಏನ್ರೀ ಹಾಗೆ ನೋಡ್ತೀರ?" ಎಂದಳು ಚಿತ್ರಾ.

"ತಾಯಮ್ಮನಿಗೆ ಉತ್ತರ" ಎಂದೆ.

ಕಾರಿನಲ್ಲೇ ಕೂತು ಸಿದ್ದಲಿಂಗಯ್ಯನವರಿಗೆ ಧ್ವನಿ ಸಂದೇಶ ಕಳಿಸಿದೆ. ಈಗ ನಾನು ಯಾವ ಕಂಪನಿಯವನೂ ಅಲ್ಲ, ಯಾವ ನಿಯಮವೂ ಇಲ್ಲ. "ತಾಯಮ್ಮನವರಿಗೆ ಕೇಳಿಸಿ. ಪಲ್ಯಾನೂ ಮಾಡಲ್ಲ, ಹುಳೀನೂ ಮಾಡಲ್ಲ ಅಮ್ಮ. ಉಪ್ಪುನೀರಲ್ಲಿ ನೆನೆಹಾಕಿ ಊಟದ ಪಕ್ಕದಲ್ಲಿ ಇಡ್ತಾರೆ. ಕೆಲವರು ತಿಂತಾರೆ, ಸುಮಾರು ಜನ ಮುಟ್ಟದೆ ಬಿಡ್ತಾರೆ. ಪ್ರಶ್ನೆ ಕೇಳಿ ಒಂದು ತಿಂಗಳ ಮೇಲಾಯ್ತು, ತಡವಾಯ್ತು, ಕ್ಷಮಿಸಿ" ಎಂದೆ. ಮುಟ್ಟದೆ ಬಿಡುತ್ತಾರೆ ಎಂಬುದನ್ನು ಹೇಳಬೇಕೋ ಬೇಡವೋ ಎಂದು ಬಹಳ ಯೋಚಿಸಿದೆ. ಸುಳ್ಳು ಹೇಳಿ ಸಾಕಾಗಿತ್ತು.

ಸೆಪ್ಟೆಂಬರ್ 30, ಮಂಗಳವಾರ

ನಂದಾ ಫೋನ್ ಮಾಡಿ ಬಿ.ಪಿ. ಎಷ್ಟಿದೆ ಎಂದು ಕೇಳಿದರು. ಯಂತ್ರ ಎಲ್ಲಿಟ್ಟೆನೋ ನೆನಪಿಲ್ಲ, ಹುಡುಕಬೇಕು.

ಬೆಳಿಗ್ಗೆ ಉತ್ತರ ಬಂದಿತ್ತು. ಮೊದಲು ಸಿದ್ದಲಿಂಗಯ್ಯ. "ಸರ್, ಕೂಲಿ ಒಂದೀಟು ಕಡಿಮಿ ಮಾಡಬೇಕಾತ್ರಿ. ಆದ್ರೂ ಕೆಲಸ ಉಳೀತಲ್ಲ ಅಂತ ಹೆಣ್ಮಕ್ಕಳು ನಿಮ್ಮನ್ನ ನೆನಸ್ತಾರ. ತಾಯಮ್ಮ ಮಾತಾಡ್ತಾಳಂತ, ಕೊಡ್ತೀನಿ." ಅವರು ನೆನೆಯುವಂಥದ್ದನ್ನು ನಾನೇನೂ ಮಾಡಿಲ್ಲ. ಅದನ್ನು ಅವರಿಗೆ ಹೇಗೆ ಹೇಳುವುದೋ ತಿಳಿಯುತ್ತಿಲ್ಲ.

ಆಮೇಲೆ ತಾಯಮ್ಮ. ಹಿಂದೆ ಯಂತ್ರಗಳ ಸದ್ದು, ಯಾರೋ ನಗುವುದು. ದನಿ ನನಗೆ ಪರಿಚಿತ, ಅವಳಿಗೆ ನಾನು ಅಪರಿಚಿತ.

"ನಮಸ್ಕಾರ್ರಿಯಪ್ಪಾ. ಮುಟ್ಟಾಂಗಿಲ್ಲ ಅಂದ್ರ ಬಿಡ್ರಿ, ತಿಳೀತು. ನಮ್ಮ ಮದುವಿ ಊಟದಾಗ ಎಲಿ ತುದಿಗೆ ಉಪ್ಪಿನಕಾಯಿ ಹಾಕ್ತಾರಲ್ರಿ, ಹಂಗ. ತಿನ್ನಲಿ ಬಿಡಲಿ, ಹಾಕದಿದ್ರ ಮಾತ್ರ ಹೆಣ್ಣಿನ ಕಡೆಯವರನ್ನ ಆಡ್ಕೋತಾರ. ನಮ್ಮ ಕೆಲಸ ಹಾಕೂದು. ಅದಿರಲಿ, ನೀವ್ ತಿಂತೀರೇನ್ರಿ? ಹೆಂಗಿರ್ತದ್ರಿ ಅದು? ನಾವ್ಯಾರೂ ತಿಂದಿಲ್ಲ."

ಎರಡು ಸಲ ಕೇಳಿದೆ. ಪೆಟ್ಟಿಗೆಯಿಂದ ಜಾಡಿ ತೆಗೆದೆ. ಮುಚ್ಚಳ ಬಿಗಿಯಾಗಿತ್ತು, ಚಿತ್ರಾ ಚಮಚದ ತುದಿಯಿಂದ ಮೀಟಿ ಕೊಟ್ಟಳು. ಒಂದೇ ಅಳತೆಯ ಕಾಯಿಗಳು, ಒಂದೂ ಹೆಚ್ಚಿಲ್ಲ, ಕಡಿಮೆಯಿಲ್ಲ. ಯಾರೋ ಒಬ್ಬಳು ಒಂದೊಂದನ್ನೂ ಕೈಯಲ್ಲಿ ಹಿಡಿದು ನೋಡಿದ್ದಾಳೆ. ಒಂದು ತಿಂದೆ. ಹುಳಿ, ಉಪ್ಪು, ಕೊನೆಗೆ ಸ್ವಲ್ಪ ಸಿಹಿ. ಎರಡನೆಯದನ್ನು ಮೊಸರನ್ನಕ್ಕೆ ನಂಚಿಕೊಂಡೆ. ಪರವಾಗಿಲ್ಲ.

ಹಾಗೆಂದೇ ಹೇಳಿ ರೆಕಾರ್ಡ್ ಮಾಡಿದೆ. ಕಳಿಸುವ ಮೊದಲು ಪೂರ್ತಿ ಒಂದು ಸಲ ನಾನೇ ಕೇಳಿದೆ.